ಕಮಲಾದೇವಿ ಕಟ್ಟಿದ್ದು ಯಾವುದು, ಕಟ್ಟದ್ದು ಯಾವುದು?

ಪ್ರಶ್ನೆ: ನಾನು ಧಾರವಾಡದ ಹತ್ತಿರದ ಊರಿನವಳು. ನಾವು 14 ಮಂದಿ ಹೆಣ್ಣುಮಕ್ಕಳು ಕಸೂತಿ ಕೆಲಸ ಮಾಡುತ್ತೇವೆ. ಇದುವರೆಗೆ ಸ್ವಸಹಾಯ ಗುಂಪಾಗಿ ನಡೆದಿದೆ. ಬಿ.ಕಾಂ. ಓದಿದ್ದೇನೆಂದು ಲೆಕ್ಕಪತ್ರವೆಲ್ಲ ನನ್ನ ತಲೆಗೇ ಕಟ್ಟಿದ್ದಾರೆ. ಈಗ ಸಂಸ್ಥೆಯಾಗಿ ನೋಂದಾಯಿಸಿ, ಸ್ವಾತಂತ್ರ್ಯ ಹೋರಾಟಗಾರ್ತಿಯೂ ಕರಕುಶಲ ಕಲೆಗಳ ಸಂಘಟಕಿಯೂ ಆಗಿದ್ದ ಕಮಲಾದೇವಿ ಚಟ್ಟೋಪಾಧ್ಯಾಯರ ಹೆಸರಿಡಬೇಕು, ಉದ್ಘಾಟನೆಯ ದಿನ ಅವರ ಬಗ್ಗೆ 16 ಪುಟದ ಕಿರುಹೊತ್ತಿಗೆ ತರಬೇಕು ಎಂದಿದ್ದೇವೆ. ಆದರೆ ಓದಿದಷ್ಟೂ ಗೊಂದಲ. ಒಂದು ಕಡೆ ಅವರು ರಾಷ್ಟ್ರೀಯ ನಾಟಕ ಶಾಲೆಯ ಸ್ಥಾಪಕಿ, ಇನ್ನೊಂದು ಕಡೆ ಸಂಗೀತ ನಾಟಕ ಅಕಾಡೆಮಿಯ ಮೊದಲ ಅಧ್ಯಕ್ಷೆ. ಚುನಾವಣೆಯಲ್ಲಿ ಸೋತ ಮತಗಳ ಅಂತರವೂ ಒಂದೊಂದು ಕಡೆ ಒಂದೊಂದು. ನಮ್ಮ ಗುಂಪಿನ ಹಿರಿಯರೊಬ್ಬರು, "ಆಕಿ ಸಾವ್ಕಾರ್ರ ಮನಿ ಮಗಳು, ದಿಲ್ಲಿ ದೊಡ್ಡವ್ರ ಪರಿಚಯ ಇತ್ತು, ಆಕಿಗೆ ಸಾಧ್ಯ ಆತು. ನಮಗೇನ್ ಆಗತದ?" ಅನ್ನುತ್ತಾರೆ. ನಾವು ಬರೆಯಬೇಕಾದ್ದು ಏನು? ಅವರ ದಾರಿಯಲ್ಲೇ ಹೋಗುವುದಾದರೆ ಸೊಸೈಟಿ ಆಗಬೇಕೋ, ಸಹಕಾರ ಸಂಘವೋ, ಟ್ರಸ್ಟೋ, ಕಂಪನಿಯೋ?

ಉತ್ತರ: ಕಿರುಹೊತ್ತಿಗೆಯ ಗೊಂದಲ ಮತ್ತು ನೋಂದಣಿಯ ಗೊಂದಲ, ಎರಡರ ಬೇರೂ ಒಂದೇ ಕಡೆ ಇದೆ. ಕಮಲಾದೇವಿಯವರು ಕೈಯಾಡಿಸಿದ ಸಂಸ್ಥೆಗಳು ಹಲವು. ಕೆಲವು ಸರ್ಕಾರದ ಆದೇಶದಿಂದ ಹುಟ್ಟಿದವು, ಕೆಲವು ಸದಸ್ಯರು ಸೇರಿ ಕಟ್ಟಿದ ಸಂಘಗಳು, ಕೆಲವು ಸಹಕಾರ ಸಂಘಗಳು. ಈ ವ್ಯತ್ಯಾಸ ಮರೆತು ಎಲ್ಲದರ ಮುಂದೆಯೂ 'ಸ್ಥಾಪಕಿ' ಎಂದು ಬರೆಯುವುದರಿಂದಲೇ ತಪ್ಪುಗಳು ಹುಟ್ಟುತ್ತವೆ. ಯಾವ ಸಂಸ್ಥೆ ಉಳಿಯಿತು, ಯಾವುದು ಕಣ್ಮರೆಯಾಯಿತು ಎಂಬುದೂ ಬಹುಮಟ್ಟಿಗೆ ಈ ವ್ಯತ್ಯಾಸದ ಮೇಲೆಯೇ ನಿಂತಿದೆ. ನಿಮ್ಮ ಗುಂಪಿಗೆ ಬೇಕಾದ ಪಾಠ ಅಲ್ಲಿದೆ.

ಮೊದಲು ನಾಟಕ ಶಾಲೆಯ ವಿಷಯ. 1944ರಲ್ಲಿ ಕಮಲಾದೇವಿಯವರು ಇಂಡಿಯನ್ ನ್ಯಾಷನಲ್ ಥಿಯೇಟರ್ ಎಂಬ ಸಂಸ್ಥೆ ಕಟ್ಟಿದರು, ಅದೇ ಮುಂದೆ ರಾಷ್ಟ್ರೀಯ ನಾಟಕ ಶಾಲೆಯಾಯಿತು ಎಂಬ ವಾಕ್ಯ ನೂರಾರು ಕಡೆ ನಕಲಾಗಿದೆ. ಅದು ಸರಿಯಲ್ಲ. ಇಂಡಿಯನ್ ನ್ಯಾಷನಲ್ ಥಿಯೇಟರ್ ಮುಂಬಯಿಯ ಸಂಸ್ಥೆ, ಅದರ ಹಾದಿಯೇ ಬೇರೆ. ನಾಟಕ ಶಾಲೆಗೆ ಹೋಗುವ ಕೊಂಡಿ ಇನ್ನೊಂದು. ಕಮಲಾದೇವಿಯವರ ಮುಂದಾಳತ್ವದ ಭಾರತೀಯ ನಾಟ್ಯ ಸಂಘ, ಯುನೆಸ್ಕೋ ನೆರವಿನಿಂದ 1958ರ ಜನವರಿಯಲ್ಲಿ ದೆಹಲಿಯಲ್ಲಿ ಏಷ್ಯನ್ ಥಿಯೇಟರ್ ಇನ್‌ಸ್ಟಿಟ್ಯೂಟ್ ತೆರೆಯಿತು. ಅದೇ ವರ್ಷ ಸಂಗೀತ ನಾಟಕ ಅಕಾಡೆಮಿ ಅದನ್ನು ತನ್ನ ಕೈಗೆ ತೆಗೆದುಕೊಂಡಿತು. 1959ರಲ್ಲಿ ಅಕಾಡೆಮಿ ರಾಷ್ಟ್ರೀಯ ನಾಟಕ ಶಾಲೆಯನ್ನು ಸ್ಥಾಪಿಸಿದಾಗ ಆ ಇನ್‌ಸ್ಟಿಟ್ಯೂಟ್ ಅದರಲ್ಲಿ ವಿಲೀನವಾಯಿತು. 1975ರಲ್ಲಿ ಶಾಲೆ ಸ್ವಾಯತ್ತವಾಯಿತು. ಹಾಗಾಗಿ 'ರಾಷ್ಟ್ರೀಯ ನಾಟಕ ಶಾಲೆಗೆ ಪೂರ್ವಭಾವಿಯಾದ ಸಂಸ್ಥೆಯನ್ನು ಕಟ್ಟಿದ ಸಂಘದ ಮುಂದಾಳು' ಎಂದು ಬರೆಯಿರಿ. ಉದ್ದವಾಯಿತು, ನಿಜ. ಆದರೆ ಯಾರೂ ತಪ್ಪು ಹಿಡಿಯುವಂತಿಲ್ಲ.

ಸಂಗೀತ ನಾಟಕ ಅಕಾಡೆಮಿಯನ್ನು ಯಾವ ಒಬ್ಬ ವ್ಯಕ್ತಿಯೂ ಸ್ಥಾಪಿಸಲಿಲ್ಲ. 1952ರ ಮೇ ತಿಂಗಳ ಸರ್ಕಾರಿ ನಿರ್ಣಯದಿಂದ ಅದು ಹುಟ್ಟಿತು, 1953ರ ಜನವರಿ 28ರಂದು ರಾಷ್ಟ್ರಪತಿ ರಾಜೇಂದ್ರ ಪ್ರಸಾದ್ ಉದ್ಘಾಟಿಸಿದರು, ಮೊದಲ ಅಧ್ಯಕ್ಷರು ಪಿ.ವಿ. ರಾಜಮನ್ನಾರ್. ಕಮಲಾದೇವಿಯವರು ಉಪಾಧ್ಯಕ್ಷೆಯಾಗಿದ್ದರು, ಬಹಳ ತಡವಾಗಿ ಅಧ್ಯಕ್ಷೆಯೂ ಆದರು. ಅಕಾಡೆಮಿಯ ಫೆಲೋಶಿಪ್ ಬಂದದ್ದು 1974ರಲ್ಲಿ.

1926ರ ಚುನಾವಣೆಯ ಅಂತರಕ್ಕೆ ತಲೆ ಕೆಡಿಸಿಕೊಳ್ಳಬೇಡಿ. ಮದ್ರಾಸ್ ಶಾಸನ ಪರಿಷತ್ತಿಗೆ ಮಹಿಳೆಯರು ಸ್ಪರ್ಧಿಸಬಹುದೆಂದು ತೀರ್ಮಾನವಾದದ್ದೇ ಚುನಾವಣೆ ಕೆಲವು ವಾರ ಇರುವಾಗ. ಮಹಿಳಾ ಹಕ್ಕುಗಳ ಹೋರಾಟಗಾರ್ತಿ ಮಾರ್ಗರೆಟ್ ಕಸಿನ್ಸ್ ಒತ್ತಾಯಕ್ಕೆ ಕಮಲಾದೇವಿಯವರು ನಿಂತರು, ಅತ್ಯಲ್ಪ ಅಂತರದಲ್ಲಿ ಸೋತರು. 'ಅತ್ಯಲ್ಪ ಅಂತರ' ಎಂದಷ್ಟೇ ಬರೆದರೆ ಸಾಕು. ಆ ಅಂಕಿಯ ಮೇಲೆ ನಿಮ್ಮ ಹೊತ್ತಿಗೆಯ ಯಾವ ಮಾತೂ ನಿಂತಿಲ್ಲ.

ಇಂಥ ತಪ್ಪು ನುಸುಳದಂತೆ ಒಂದು ಸುಲಭ ಉಪಾಯವಿದೆ. ಕಲಾಸಂಸ್ಥೆಗಳ ಚರಿತ್ರೆ ಬರೆಯುವಾಗ ನಾವು ಮಾಡುವುದು ಇದನ್ನೇ. ಪ್ರತಿ ಸಂಸ್ಥೆಗೆ ನಾಲ್ಕು ಕಲಂ ಹಾಕಿ: ಹುಟ್ಟಿದ ವರ್ಷ, ಹುಟ್ಟಿಸಿದವರು, ಅದರಲ್ಲಿ ಅವರ ಹುದ್ದೆ, ಸಂಸ್ಥೆಯ ಈಗಿನ ಗತಿ. ಎರಡನೆಯ ಕಲಮಿನಲ್ಲಿ 'ಸರ್ಕಾರಿ ನಿರ್ಣಯ', 'ಸದಸ್ಯರ ಸಂಘ', 'ಸಹಕಾರ ಸಂಘ' ಎಂದು ಬರಬೇಕೇ ಹೊರತು ವ್ಯಕ್ತಿಯ ಹೆಸರು ಬರಬಾರದು. ಯಾವ ಕಲಂ ತುಂಬಲಾಗುವುದಿಲ್ಲವೋ ಆ ಸಂಸ್ಥೆಯನ್ನು ಕೈಬಿಡಿ. 16 ಪುಟಕ್ಕೆ ಉಳಿದದ್ದೇ ಹೆಚ್ಚಾಗುತ್ತದೆ.

ಇನ್ನು ನಿಮ್ಮ ಹಿರಿಯರ ಮಾತು. ಅರ್ಧ ನಿಜ. 1903ರ ಏಪ್ರಿಲ್ 3ರಂದು ಮಂಗಳೂರಿನ ಸಾರಸ್ವತ ಮನೆಯಲ್ಲಿ ಹುಟ್ಟಿದ ಕಮಲಾದೇವಿಯವರ ತಂದೆ ಅನಂತಯ್ಯ ಧಾರೇಶ್ವರ ದೊಡ್ಡ ಸರ್ಕಾರಿ ಅಧಿಕಾರಿ. ಮನೆಯಲ್ಲಿ ಓದು, ಸಂಗೀತ, ಬಂದುಹೋಗುವ ದೊಡ್ಡವರು ಎಲ್ಲ ಇದ್ದರು. ಆದರೆ ಮಗಳಿಗೆ ಏಳು ವರ್ಷವಿದ್ದಾಗ ತಂದೆ ಮರಣಶಾಸನ ಬರೆಯದೆ ತೀರಿಕೊಂಡರು. ಅಂದಿನ ಕಾನೂನಿನಂತೆ ಆಸ್ತಿಯೆಲ್ಲ ಮೊದಲ ಹೆಂಡತಿಯ ಮಗನ ಪಾಲಾಯಿತು. ತಾಯಿ ಗಿರಿಜಾಬಾಯಿಗೆ ಬಂದದ್ದು ತಿಂಗಳ ಜೀವನಾಂಶದ ಮಾತು ಮಾತ್ರ. ಅವರು ಅದನ್ನು ಮುಟ್ಟದೆ ತವರಿನಿಂದ ಬಂದದ್ದರಲ್ಲೇ ಮಗಳನ್ನು ಬೆಳೆಸಿದರು. 14ರ ವಯಸ್ಸಿಗೆ ಮದುವೆ, ಎರಡು ವರ್ಷದೊಳಗೆ ವೈಧವ್ಯ. ಆಮೇಲೆ ಮದ್ರಾಸಿನ ಕ್ವೀನ್ ಮೇರೀಸ್ ಕಾಲೇಜು, ಹರೀಂದ್ರನಾಥ ಚಟ್ಟೋಪಾಧ್ಯಾಯರ ಜೊತೆ ಮರುಮದುವೆ, ಲಂಡನ್ನಿನಲ್ಲಿ ಓದು. 'ಮರ್ಯಾದಸ್ಥರ' ಮನೆಯ ಹೆಣ್ಣುಮಕ್ಕಳು ರಂಗಕ್ಕೆ ಕಾಲಿಡದ ಕಾಲದಲ್ಲಿ ನಾಟಕ ಆಡಿದರು, ಮೂಕಿ ಚಿತ್ರದಲ್ಲೂ ನಟಿಸಿದರು. ಆ ದಾಂಪತ್ಯವೂ ವಿಚ್ಛೇದನದಲ್ಲಿ ಮುಗಿಯಿತು. ಹೆಣ್ಣಿಗೆ ಆಸ್ತಿ ಹಕ್ಕಿಲ್ಲದಿದ್ದರೆ ಸಾಹುಕಾರರ ಮನೆಯೂ ಒಂದೇ ದಿನದಲ್ಲಿ ಹೇಗೆ ಪರರ ಮನೆಯಾಗುತ್ತದೆ ಎಂಬುದನ್ನು ಅವರು ಬಾಲ್ಯದಲ್ಲೇ ಕಂಡಿದ್ದರು. ಕೆಲಸ ಮಾಡುವವಳ ಕೈಗೇ ಸಂಪಾದನೆ ಬರಬೇಕೆಂಬ ಅವರ ಮುಂದಿನ ಹಟವನ್ನು ಇದರಿಂದ ಬೇರೆಯಾಗಿ ನೋಡಲು ನನಗಂತೂ ಆಗದು.

ದಿಲ್ಲಿಯ ಪರಿಚಯ ಇದ್ದದ್ದು ನಿಜ. ಅದನ್ನು ಮರೆಮಾಚಬೇಕಾಗಿಲ್ಲ. ಆದರೆ ಆ ಪರಿಚಯ ಬಂದದ್ದು ಸಂಘಟನೆಯ ಕೆಲಸದಿಂದ, ಅದರಲ್ಲೊಂದು ಭಾಗ ನಿಮ್ಮ ಊರಿನ ಪಕ್ಕದಲ್ಲೇ ನಡೆದದ್ದು. ನಾ.ಸು. ಹರ್ಡೀಕರರು 1923ರಲ್ಲಿ ಆರಂಭಿಸಿದ, ಹುಬ್ಬಳ್ಳಿಯನ್ನು ಕೇಂದ್ರವಾಗಿಸಿಕೊಂಡಿದ್ದ ಹಿಂದೂಸ್ತಾನಿ ಸೇವಾದಳ ಎಂಬ ಕಾಂಗ್ರೆಸ್ ಸ್ವಯಂಸೇವಕ ಪಡೆಯಲ್ಲಿ ಮಹಿಳಾ ವಿಭಾಗದ ಹೊಣೆ ಕಮಲಾದೇವಿಯವರದು. ಹೆಣ್ಣುಮಕ್ಕಳನ್ನು ಸೇರಿಸುವುದು, ತರಬೇತಿ ಕೊಡುವುದು, ಸಾವಿರಾರು ಜನ ಸೇರುವ ಕಡೆ ಕೆಲಸ ಹಂಚುವುದು, ಇದೆಲ್ಲ ಅಲ್ಲಿ ಪಳಗಿತು. 1927ರಲ್ಲಿ ಅಖಿಲ ಭಾರತ ಮಹಿಳಾ ಸಮ್ಮೇಳನ ಹುಟ್ಟಿದಾಗ ಅದರ ಸಂಘಟನಾ ಕಾರ್ಯದರ್ಶಿಯಾಗಿ ಪ್ರಾಂತ್ಯ ಪ್ರಾಂತ್ಯ ಸುತ್ತಿದರು. ಉಪ್ಪಿನ ಸತ್ಯಾಗ್ರಹದಲ್ಲಿ ಹೆಂಗಸರಿಗೂ ಜಾಗ ಬೇಕೆಂದು ಗಾಂಧೀಜಿಯವರನ್ನು ಒಪ್ಪಿಸಿದರು, 1930ರಲ್ಲಿ ಮುಂಬಯಿಯಲ್ಲಿ ಉಪ್ಪು ಮಾರಿ ಜೈಲಿಗೆ ಹೋದರು. ಕಿರುಹೊತ್ತಿಗೆಗಳಲ್ಲಿ ಇದೆಲ್ಲ 'ಸ್ವಾತಂತ್ರ್ಯ ಹೋರಾಟ' ಎಂಬ ಒಂದು ಅಧ್ಯಾಯ, ಕರಕುಶಲ ಇನ್ನೊಂದು ಅಧ್ಯಾಯ, ಯಾವುದೋ ನಿವೃತ್ತಿಯ ನಂತರದ ಹವ್ಯಾಸದಂತೆ. ನೀವು ಹಾಗೆ ಒಡೆಯಬೇಡಿ. ಸದಸ್ಯತ್ವ ಪಟ್ಟಿ, ಚಂದಾ, ಶಾಖೆ, ಶಿಬಿರ, ಗೊತ್ತುವಳಿ ಇವು ಅವರಿಗೆ 25 ವರ್ಷದ ಅಭ್ಯಾಸ. ಆ ಅಭ್ಯಾಸವೇ ಮುಂದೆ ಕಲೆಯ ಆಡಳಿತಕ್ಕೆ ಬಂತು.

1948ರಲ್ಲಿ ಅವರು ಇಂಡಿಯನ್ ಕೋಆಪರೇಟಿವ್ ಯೂನಿಯನ್ ಕಟ್ಟಿದರು. ದೇಶ ವಿಭಜನೆಯಿಂದ ನೆಲೆ ಕಳೆದುಕೊಂಡವರಿಗೆ ದಾನ ಕೊಡುವ ಬದಲು ಸಹಕಾರ ಸಂಘಗಳ ಮೂಲಕ ಜೀವನೋಪಾಯ ಕೊಡುವುದು ಅದರ ಗುರಿ. ದೆಹಲಿಯ ಬಳಿ ಛತ್ತರಪುರದಲ್ಲಿ ಸಹಕಾರಿ ಬೇಸಾಯ, ನಂತರ ವಾಯವ್ಯ ಗಡಿ ಪ್ರಾಂತ್ಯದಿಂದ ಬಂದ ಸುಮಾರು 50,000 ನಿರಾಶ್ರಿತರಿಗಾಗಿ ಎದ್ದ ಫರೀದಾಬಾದ್ ಪಟ್ಟಣದ ಕೆಲಸ. ಎಲ್.ಸಿ. ಜೈನ್ ಅವರಂಥ ತರುಣರು ಪಳಗಿದ್ದು ಇಲ್ಲೇ. 1952ರಲ್ಲಿ ದೆಹಲಿಯ ಸೆಂಟ್ರಲ್ ಕಾಟೇಜ್ ಇಂಡಸ್ಟ್ರೀಸ್ ಎಂಪೋರಿಯಂ ಎಂಬ ಕರಕುಶಲ ಮಾರಾಟ ಮಳಿಗೆ ನಡೆಸುವ ಹೊಣೆ ಈ ಯೂನಿಯನ್ ಕೈಗೆ ಬಂತು. ಅದೇ ವರ್ಷ ಕೇಂದ್ರ ಸರ್ಕಾರ ಅಖಿಲ ಭಾರತ ಕರಕುಶಲ ಮಂಡಳಿ ರಚಿಸಿ ಕಮಲಾದೇವಿಯವರನ್ನು ಅಧ್ಯಕ್ಷೆಯಾಗಿ ಮಾಡಿತು.

ಇಲ್ಲಿಂದ ಮುಂದೆ ಅವರು ಮಾಡಿದ್ದನ್ನು ಆಡಳಿತದ ಕಣ್ಣಿನಿಂದ ನೋಡಿದರೆ ಮೂರು ಕೆಲಸ ಮೂರು ಮನೆಯಲ್ಲಿದ್ದವು. ಮಾರಾಟ ಎಂಪೋರಿಯಂನದು. ಸಮೀಕ್ಷೆ, ತರಬೇತಿ, ವಿನ್ಯಾಸ, ನೀತಿ ಮಂಡಳಿಯದು. ಸರ್ಕಾರದ ಹೊರಗೆ ನಿಂತು ಕೇಳುವ, ಒತ್ತಾಯಿಸುವ ಕೆಲಸಕ್ಕೆ 1964ರಲ್ಲಿ ಮದ್ರಾಸಿನಲ್ಲಿ ಹುಟ್ಟಿದ ಕ್ರಾಫ್ಟ್ಸ್ ಕೌನ್ಸಿಲ್ ಆಫ್ ಇಂಡಿಯಾ. ಅದೇ ವರ್ಷ ಆರಂಭವಾದ ವರ್ಲ್ಡ್ ಕ್ರಾಫ್ಟ್ಸ್ ಕೌನ್ಸಿಲ್ ಕಟ್ಟಿದವರಲ್ಲೂ ಅವರಿದ್ದರು.

ಮಂಡಳಿಯ ಕೆಲಸದ ರೀತಿಗೆ ಆಂಧ್ರದ ಶ್ರೀಕಾಳಹಸ್ತಿಯ ಕಲಂಕಾರಿ, ಅಂದರೆ ಬಟ್ಟೆಯ ಮೇಲೆ ಲೇಖನಿಯಿಂದ ಚಿತ್ರ ಬರೆಯುವ ಕಲೆ, ಒಳ್ಳೆಯ ಉದಾಹರಣೆ. ಕಸುಬು ಕೆಲವೇ ಕೈಗಳಲ್ಲಿ ಉಳಿದಿದ್ದಾಗ 1950ರ ದಶಕದಲ್ಲಿ ಅಲ್ಲಿ ತರಬೇತಿ ಕೇಂದ್ರ ತೆರೆಯಲಾಯಿತು. ಬಲ್ಲ ಗುರುವಿಗೆ ಸಂಬಳ, ಕಲಿಯಲು ಬಂದವರಿಗೆ ವಿದ್ಯಾರ್ಥಿವೇತನ. ಇದು ಏಕೆ ಬೇಕಾಯಿತು ಎಂಬುದು ಆ ಕಸುಬಿನ ಕ್ರಮ ನೋಡಿದರೆ ತಿಳಿಯುತ್ತದೆ. ಬಟ್ಟೆಯನ್ನು ಅಳಲೆಕಾಯಿ ಮತ್ತು ಹಾಲಿನಲ್ಲಿ ನೆನೆಸಬೇಕು, ಹಾಲಿನ ಜಿಡ್ಡಿಲ್ಲದಿದ್ದರೆ ಬಣ್ಣ ಗೆರೆ ದಾಟಿ ಹರಡುತ್ತದೆ. ಕಪ್ಪು ಬಣ್ಣಕ್ಕೆ ಕಬ್ಬಿಣದ ತುಂಡು, ಬೆಲ್ಲ, ನೀರು ಸೇರಿಸಿ ದಿನಗಟ್ಟಲೆ ಹುಳಿಯಲು ಬಿಡಬೇಕು. ಬಿದಿರಿನ ಲೇಖನಿಯಲ್ಲಿ ಗೆರೆ ಎಳೆದು, ತೊಳೆದು, ಒಣಗಿಸಿ, ಒಂದೊಂದೇ ಬಣ್ಣ ತರಬೇಕು. ತಿಂಗಳುಗಟ್ಟಲೆ ಕಲಿಯುವಾಗ ಒಂದು ಬಟ್ಟೆಯೂ ಮಾರಾಟಕ್ಕೆ ಬರುವುದಿಲ್ಲ. ಆ ಹಸಿವಿನ ತಿಂಗಳುಗಳಿಗೆ ಯಾರಾದರೂ ಹಣ ಕೊಡದಿದ್ದರೆ ಹುಡುಗರು ಕೂಲಿಗೆ ಹೋಗುತ್ತಾರೆ, ಕಲೆ ಅಲ್ಲಿಗೆ ಮುಗಿಯುತ್ತದೆ. ಮಂಡಳಿ ಗುರುತಿಸಿದ್ದು ಈ ಬಿರುಕನ್ನು. ಬೆಂಗಳೂರು ಸೇರಿ ನಾಲ್ಕು ನಗರಗಳಲ್ಲಿ ಪ್ರಾದೇಶಿಕ ವಿನ್ಯಾಸ ಕೇಂದ್ರಗಳು ಬಂದವು. ಕುಶಲಕರ್ಮಿಗಳಿಗೆ ರಾಷ್ಟ್ರ ಪ್ರಶಸ್ತಿ 1965ರಿಂದ ಶುರುವಾಯಿತು. ಅದರಿಂದ ಕೆಲಸದ ಹಿಂದಿನ ಹೆಸರು ಹೊರಗೆ ಬರತೊಡಗಿತು.

ನೃತ್ಯದಲ್ಲೂ ಇದೇ ಕ್ರಮ. ಮಾಸ್ಕೋದಲ್ಲಿ ನೃತ್ಯ ಸಂಯೋಜನೆ ಓದಿ ಬಂದ ಮಾಯಾ ರಾವ್ ಅವರಿಗೆ 1964ರಲ್ಲಿ ಭಾರತೀಯ ನಾಟ್ಯ ಸಂಘದ ಆಸರೆಯಲ್ಲಿ ದೆಹಲಿಯಲ್ಲಿ ಸಂಸ್ಥೆ ಕಟ್ಟಿಕೊಟ್ಟರು. 1987ರಲ್ಲಿ ಅದು ಬೆಂಗಳೂರಿಗೆ ಬಂತು. ಬಲ್ಲವರನ್ನು ಹುಡುಕುವುದು, ಜಾಗ ಮತ್ತು ಅಧಿಕಾರ ಕೊಡುವುದು, ಆಮೇಲೆ ದಿನದಿನದ ಕೆಲಸದಲ್ಲಿ ಕೈ ಹಾಕದಿರುವುದು. ಕಲಾ ಆಡಳಿತದಲ್ಲಿ ಈ ಮೂರನೆಯದೇ ಕಷ್ಟ, ಇಂದಿಗೂ.

'ಭಾರತದ ಕರಕುಶಲವನ್ನು ಒಬ್ಬರೇ ಉಳಿಸಿದರು' ಎಂಬ ಮಾತನ್ನು ಮಾತ್ರ ದಯವಿಟ್ಟು ಬರೆಯಬೇಡಿ. ಕೈಮಗ್ಗ, ಕರಕುಶಲಕ್ಕಾಗಿ ದುಡಿದ ಪುಪುಲ್ ಜಯಕರ್, ಎಂಪೋರಿಯಂನಲ್ಲಿ ದುಡಿದ ಫೋರಿ ನೆಹರೂ, ಎಲ್.ಸಿ. ಜೈನ್, ಜೈಪುರದ ನೀಲಿ ಕುಂಭಕಲೆಗೆ ಮರುಜೀವ ಕೊಟ್ಟ ಕೃಪಾಲ್ ಸಿಂಗ್ ಶೇಖಾವತ್, ಹೆಸರೇ ದಾಖಲಾಗದ ಸಾವಿರಾರು ಕೈಗಳು, ಇವರಿಲ್ಲದೆ ಅದು ಆಗುತ್ತಿರಲಿಲ್ಲ. ಈ ಮಾದರಿಯ ದೌರ್ಬಲ್ಯವೂ ನಾಲ್ಕು ಸಾಲಿನಲ್ಲಿ ಇರಲಿ. ನಗರದ ಕೊಳ್ಳುವವರ ರುಚಿಗೆ ತಕ್ಕ ವಿನ್ಯಾಸ ಮಾತ್ರ ಉಳಿದು ಉಳಿದದ್ದು ಮೂಲೆಗೆ ಸೇರಿದ್ದುಂಟು. ಸರ್ಕಾರಿ ಮಳಿಗೆಯ ಆರ್ಡರನ್ನೇ ನಂಬಿದ ಊರುಗಳು ಆರ್ಡರ್ ನಿಂತಾಗ ಕಂಗಾಲಾದದ್ದೂ ಉಂಟು.

ಈಗ ನಾಲ್ಕನೆಯ ಕಲಂ, ಅಂದರೆ ಸಂಸ್ಥೆಗಳ ಗತಿ. ಕರಕುಶಲ ಮಂಡಳಿ ಸರ್ಕಾರದ ನಿರ್ಣಯದಿಂದ ಹುಟ್ಟಿದ ಸಲಹಾ ಸಂಸ್ಥೆ. 2020ರ ಆಗಸ್ಟ್‌ನಲ್ಲಿ ಸರ್ಕಾರದ ಇನ್ನೊಂದು ನಿರ್ಣಯದಿಂದಲೇ ರದ್ದಾಯಿತು. ಎಂಪೋರಿಯಂ ಸಹಕಾರಿ ಯೂನಿಯನ್ ಕೈಯಿಂದ ಹೋಗಿ 1976ರಲ್ಲಿ ಸರ್ಕಾರಿ ನಿಗಮವಾಯಿತು. ಏಷ್ಯನ್ ಥಿಯೇಟರ್ ಇನ್‌ಸ್ಟಿಟ್ಯೂಟ್ ತನಗಿಂತ ದೊಡ್ಡದರಲ್ಲಿ ಕರಗಿತು. ಸದಸ್ಯರ ಚಂದಾ, ಮಾರಾಟ, ದೇಣಿಗೆಗಳ ಮೇಲೆ ನಿಂತ ಕ್ರಾಫ್ಟ್ಸ್ ಕೌನ್ಸಿಲ್ ಇಂದಿಗೂ ಕೆಲಸ ಮಾಡುತ್ತಿದೆ. ಸರ್ಕಾರದ್ದು ಕೆಟ್ಟದ್ದು, ಖಾಸಗಿಯದು ಒಳ್ಳೆಯದು ಎಂಬ ತೀರ್ಪು ಇದಲ್ಲ. ಮಂಡಳಿಯ ಬಲವಿಲ್ಲದೆ ದೇಶವ್ಯಾಪಿ ತರಬೇತಿ ಆಗುತ್ತಿರಲಿಲ್ಲ. ಆದರೆ ಸಂಸ್ಥೆಯ ಆಯುಸ್ಸು ಯಾರ ಕೈಯಲ್ಲಿದೆ ಎಂಬುದನ್ನು ನೋಂದಣಿಯ ದಿನವೇ ಬರೆದಿಟ್ಟಿರುತ್ತಾರೆ. ನಿಮ್ಮ ಆಯ್ಕೆಗಳನ್ನು ಈ ದೃಷ್ಟಿಯಿಂದ ನೋಡೋಣ.

ಟ್ರಸ್ಟ್. ಮಾಡುವುದು ಸುಲಭ: ಪತ್ರ ಬರೆಸಿ ಉಪನೋಂದಣಿ ಕಚೇರಿಯಲ್ಲಿ ನೋಂದಾಯಿಸಿದರೆ ಮುಗಿಯಿತು. ನಿಮಗೆ ಇದು ಬೇಡ ಎನ್ನುತ್ತೇನೆ. ಅಧಿಕಾರವೆಲ್ಲ ಟ್ರಸ್ಟಿಗಳದು, ಕಸೂತಿ ಹಾಕುವವರು ಫಲಾನುಭವಿಗಳು ಮಾತ್ರ. ಇಬ್ಬರು ಮೂವರು ಟ್ರಸ್ಟಿಗಳ ಮನಸ್ತಾಪಕ್ಕೆ 14 ಜನರ ದುಡಿಮೆ ಸಿಕ್ಕಿಹಾಕಿಕೊಳ್ಳುತ್ತದೆ.

ಸೊಸೈಟಿ. 1960ರ ಕರ್ನಾಟಕ ಸಂಘಗಳ ನೋಂದಣಿ ಕಾಯ್ದೆಯಡಿ ಏಳು ಮಂದಿ ಸಾಕು. ತರಬೇತಿ, ಮೇಳ, ದಾಖಲೀಕರಣ, ಅನುದಾನ ಇವಕ್ಕೆ ಸರಿಯಾದ ರೂಪ. ಆದರೆ ಲಾಭವನ್ನು ಸದಸ್ಯರಿಗೆ ಹಂಚುವಂತಿಲ್ಲ. ಕೆಲಸಕ್ಕೆ ಕೂಲಿ ಕೊಡಬಹುದು, ವರ್ಷದ ಕೊನೆಯ ಉಳಿತಾಯ ಹಂಚಲಾಗದು. ತೆರಿಗೆ ವಿನಾಯಿತಿ ಪಡೆಯುವುದಾದರೆ ಇನ್ನೊಂದು ತೊಡಕಿದೆ: ಸಾರ್ವಜನಿಕ ಉಪಯೋಗದ ಸಂಸ್ಥೆಯೆಂದು ನೋಂದಾದರೆ ವ್ಯಾಪಾರದಿಂದ ಬಂದದ್ದು ಒಟ್ಟು ಆದಾಯದ ಶೇ 20 ಮೀರಿದ ವರ್ಷ ವಿನಾಯಿತಿ ಕೈತಪ್ಪಬಹುದು. ಸೀರೆ ಮಾರುವ ಗುಂಪು ಅದನ್ನು ಮೊದಲ ತಿಂಗಳಲ್ಲೇ ಮೀರುತ್ತದೆ. ಅರ್ಜಿ ಹಾಕುವ ಮೊದಲು ಲೆಕ್ಕಪರಿಶೋಧಕರ ಹತ್ತಿರ ಇದೊಂದನ್ನು ಸ್ಪಷ್ಟವಾಗಿ ಕೇಳಿ. ಸೊಸೈಟಿಗಳು ಸಾಮಾನ್ಯವಾಗಿ ಸಾಯುವುದು ಜಗಳದಿಂದಲ್ಲ, ಕಾಗದದಿಂದ. ವರ್ಷಕ್ಕೊಮ್ಮೆ ಸರ್ವಸದಸ್ಯರ ಸಭೆ, ನಂತರ ಆಡಳಿತ ಮಂಡಳಿಯ ಪಟ್ಟಿ ಮತ್ತು ಲೆಕ್ಕಪತ್ರ ಸಲ್ಲಿಕೆ. ಎರಡು ಮೂರು ವರ್ಷ ತಪ್ಪಿದರೆ ದಂಡ, ನವೀಕರಣದ ಅಲೆದಾಟ, ಅಷ್ಟರಲ್ಲಿ ಬ್ಯಾಂಕಿನವರು ಖಾತೆಯ ಸಹಿದಾರರನ್ನು ಬದಲಿಸಲು ಒಪ್ಪುವುದಿಲ್ಲ.

ಸಹಕಾರ ಸಂಘ. ಕಮಲಾದೇವಿಯವರಿಗೆ ಪ್ರಿಯವಾದ ರೂಪ. ನಮ್ಮಲ್ಲಿ 1959ರ ಸಹಕಾರ ಸಂಘಗಳ ಕಾಯ್ದೆ ಇದೆ, 1997ರ ಸೌಹಾರ್ದ ಸಹಕಾರಿ ಕಾಯ್ದೆ ಇದೆ. ಎರಡನೆಯದರಲ್ಲಿ ಸರ್ಕಾರದ ಹಿಡಿತ ಕಡಿಮೆ. ಒಬ್ಬರಿಗೆ ಒಂದು ಮತ, ಲಾಭಾಂಶ ಹಂಚಬಹುದು, ಸಾಲದ ದಾರಿ ಸುಲಭ. ಆದರೆ 14 ಜನ ಸಹಕಾರ ಸಂಘಕ್ಕೆ ಕಡಿಮೆಯೇ. ಸಂಖ್ಯೆ ತುಂಬಿಸಲು ಸೂಜಿ ಹಿಡಿಯದ ನೆಂಟರನ್ನು ಸದಸ್ಯರಾಗಿಸಿದರೆ ಮುಂದಿನ ಚುನಾವಣೆಯಲ್ಲಿ ಅವರೇ ಆಡಳಿತ ಮಂಡಳಿಗೆ ಬರುತ್ತಾರೆ. ಈ ತಪ್ಪನ್ನು ನಾವು ಮತ್ತೆ ಮತ್ತೆ ಕಾಣುತ್ತೇವೆ.

ಉತ್ಪಾದಕರ ಕಂಪನಿ. ಹತ್ತು ಮಂದಿ ಉತ್ಪಾದಕರಿದ್ದರೆ ಸಾಕು. ಕೈಮಗ್ಗ, ಕರಕುಶಲ ಉತ್ಪನ್ನಗಳೂ ಕಂಪನಿ ಕಾಯ್ದೆಯ ವ್ಯಾಖ್ಯೆಯಲ್ಲಿ ಸೇರಿವೆ. ಷೇರು ಎಷ್ಟಿದ್ದರೂ ಒಬ್ಬರಿಗೆ ಒಂದೇ ಮತ. ಯಾರು ಎಷ್ಟು ಕೆಲಸ ಕೊಟ್ಟರೋ ಅದಕ್ಕೆ ತಕ್ಕಂತೆ ವರ್ಷದ ಕೊನೆಗೆ ಬೋನಸ್ ಹಂಚಬಹುದು, ಕಸೂತಿಯಂಥ ಕೆಲಸಕ್ಕೆ ಇದು ಬಹಳ ನ್ಯಾಯದ ಪದ್ಧತಿ. ಹೊರೆಯೂ ಇದೆ: ಕನಿಷ್ಠ ಐವರು ನಿರ್ದೇಶಕರು, ಮೂರು ತಿಂಗಳಿಗೊಮ್ಮೆಯಾದರೂ ಮಂಡಳಿ ಸಭೆ, ಒಳ ಲೆಕ್ಕಪರಿಶೋಧನೆ, ಪೂರ್ಣಾವಧಿ ಮುಖ್ಯ ಕಾರ್ಯನಿರ್ವಾಹಕರು. ಆ ಕೊನೆಯದು ಬಹುಶಃ ನೀವೇ ಆಗುತ್ತೀರಿ. ಹಾಗಾದರೆ ನಿಮ್ಮ ಸಂಬಳ ಬೆಲೆಯೊಳಗೆ ಬರಬೇಕು. 'ಆಕಿ ಓದಿದಾಕಿ, ಹಂಗ ಮಾಡ್ತಾಳ' ಎಂಬ ಲೆಕ್ಕದ ಮೇಲೆ ಕಂಪನಿ ನಡೆಯದು.

ನನ್ನ ಸಲಹೆ: ಇನ್ನೊಂದು ವರ್ಷ ಸ್ವಸಹಾಯ ಗುಂಪಾಗಿಯೇ ಇದ್ದು ಲೆಕ್ಕ ಬಿಗಿಮಾಡಿ. ಆಮೇಲೆ ಮಾರಾಟಕ್ಕೆ ಉತ್ಪಾದಕರ ಕಂಪನಿ ಕಟ್ಟಿ. ಕಲಿಸುವ ಕೆಲಸ ದೊಡ್ಡದಾದಾಗ ಅದಕ್ಕೆ ಪ್ರತ್ಯೇಕ ಸೊಸೈಟಿ. ಎಂಪೋರಿಯಂ ಬೇರೆ, ಮಂಡಳಿ ಬೇರೆ ಇದ್ದದ್ದಕ್ಕೆ ಕಾರಣವಿತ್ತು. ಒಂದೇ ಖಾತೆಯಲ್ಲಿ ಅನುದಾನವೂ ಮಾರಾಟದ ಹಣವೂ ಬಿದ್ದರೆ ಯಾವುದು ಯಾರದ್ದೆಂದು ಎರಡನೆಯ ವರ್ಷಕ್ಕೆ ಯಾರಿಗೂ ತಿಳಿಯುವುದಿಲ್ಲ.

'ಲೆಕ್ಕ ಬಿಗಿಮಾಡಿ' ಎಂದರೆ ಏನು? ಕಸೂತಿಯ ಕೂಲಿಯನ್ನು ಸೀರೆಯ ಲೆಕ್ಕದಲ್ಲಿ ಕೊಡುತ್ತಿದ್ದರೆ ನಿಲ್ಲಿಸಿ, ಚಿತ್ತಾರದ ಲೆಕ್ಕಕ್ಕೆ ಬನ್ನಿ. ಗವಂತಿ ಎಂಬ ಹೊಲಿಗೆಯಲ್ಲಿ ಎಳೆ ಎಣಿಸುತ್ತ ಒಂದು ಬಿಟ್ಟು ಒಂದು ಹೊಲಿದು ಹೋಗಿ, ಅದೇ ದಾರಿಯಲ್ಲಿ ವಾಪಸು ಬರುತ್ತ ಬಿಟ್ಟ ಜಾಗ ತುಂಬಬೇಕು. ಗಂಟು ಹಾಕುವಂತಿಲ್ಲ, ಎರಡೂ ಬದಿ ಒಂದೇ ಥರ ಕಾಣಬೇಕು. ಹೋಗುವಾಗ ಒಂದೇ ಒಂದು ಎಳೆ ತಪ್ಪಿದರೂ ಬರುವಾಗ ಗೆರೆ ಕೂಡುವುದಿಲ್ಲ, ಬಿಚ್ಚಲೇಬೇಕು. ಮೆಂತೆ ಹೊಲಿಗೆಯ ಒಂದು ಗೋಪುರ, ಗವಂತಿಯ ಒಂದು ತೇರು, ನೇಗಿ ಹೊಲಿಗೆಯ ಒಂದು ಪಟ್ಟಿ, ಇವಕ್ಕೆ ಹಿಡಿಯುವ ಹೊತ್ತು ಬೇರೆ ಬೇರೆ. ನೇಯ್ಗೆ ಬಿಗಿಯಾದ ರೇಷ್ಮೆಯ ಮೇಲಾದರೆ ಜಾಳು ಬಟ್ಟೆ ಕಚ್ಚಾ ಹೊಲಿದು, ಕೆಲಸ ಮುಗಿದ ಮೇಲೆ ಅದರ ಎಳೆಗಳನ್ನು ಒಂದೊಂದಾಗಿ ಎಳೆದು ತೆಗೆಯುವ ಹೊತ್ತೂ ಸೇರುತ್ತದೆ. ಮೂವರು ಮೂರು ಮಟ್ಟದ ಕೈಯವರು ಒಂದೇ ಚಿತ್ತಾರ ಹಾಕಲಿ, ಗಡಿಯಾರ ನೋಡಿ ಬರೆಯಿರಿ, ನಡುವಿನದನ್ನು ಹಿಡಿಯಿರಿ. ಇಪ್ಪತ್ತು ಚಿತ್ತಾರಕ್ಕೆ ಹೀಗೆ ಮಾಡಿದರೆ ನಿಮ್ಮ ದರಪಟ್ಟಿ ಸಿದ್ಧ.

ಉದಾಹರಣೆಗೆ ಒಂದು ಲೆಕ್ಕ, ಅಂಕಿಗಳನ್ನು ನಿಮ್ಮವಕ್ಕೆ ಬದಲಿಸಿಕೊಳ್ಳಿ. ಸಾದಾ ಸೀರೆ 2,000 ರೂಪಾಯಿ, ದಾರ 150, ಗಂಟೆಗೆ 70ರಂತೆ 60 ಗಂಟೆಗೆ 4,200, ತೊಳೆದು ಇಸ್ತ್ರಿ ಮಾಡಿ ಕಟ್ಟುವುದಕ್ಕೆ 150. ಒಟ್ಟು 6,500. ಇದರ ಮೇಲೆ ಸಂಸ್ಥೆಯ ಖರ್ಚಿಗೆ ಶೇ 20, ಅಂದರೆ 1,300. ನಿಮ್ಮ ಸಗಟು ಬೆಲೆ 7,800. ಅಂಗಡಿಯವರು ಶೇ 40 ಸೇರಿಸಿದರೆ ಕೊಳ್ಳುವವರಿಗೆ 10,920. ಗುಂಪುಗಳು ಎಡವುವುದು ಮುಂದಿನ ಹೆಜ್ಜೆಯಲ್ಲಿ. ಮಾರಾಟವಾದ ಮೇಲೆ ಹಣ ಕೊಡುತ್ತೇವೆ ಎನ್ನುವ ಅಂಗಡಿಯಿಂದ ಹಣ ಬರಲು ಮೂರು ತಿಂಗಳಾಯಿತೆನ್ನಿ. 14 ಜನ ತಿಂಗಳಿಗೆ ಒಂದೊಂದು ಸೀರೆ ಮುಗಿಸಿದರೆ ತಿಂಗಳಿಗೆ 91,000, ಮೂರು ತಿಂಗಳಿಗೆ 2,73,000 ರೂಪಾಯಿ ಕೈಯಿಂದ ಹೋಗಿರುತ್ತದೆ, ಒಂದು ಪೈಸೆ ಬಂದಿರುವುದಿಲ್ಲ. ಅಷ್ಟು ದುಡಿಯುವ ಬಂಡವಾಳ ಇಲ್ಲದಿದ್ದರೆ ಆರ್ಡರಿನ ಜೊತೆ ಅರ್ಧ ಹಣ ಮುಂಗಡ ಕೇಳಿ, ಇಲ್ಲವೇ ಆ ಅಂಗಡಿಗೆ ಎರಡೇ ಸೀರೆ ಕೊಡಿ. ಕೂಲಿ ತಡಮಾಡುವುದು ಮಾತ್ರ ಬೇಡ. ಒಳ್ಳೆಯ ಕೈಗಳು ಮೊದಲು ಬಿಟ್ಟುಹೋಗುವುದು ಅದಕ್ಕೇ.

ಎರಡು ಕಾಗದಗಳನ್ನು ನೋಂದಣಿಗೆ ಕಾಯದೆ ಈಗಲೇ ಮಾಡಿಸಬಹುದು. ಜವಳಿ ಸಚಿವಾಲಯದ ಕರಕುಶಲ ಅಭಿವೃದ್ಧಿ ಆಯುಕ್ತರ ಕಚೇರಿ ಕೊಡುವ ಪೆಹಚಾನ್ ಗುರುತಿನ ಚೀಟಿ ಪ್ರತಿಯೊಬ್ಬರ ಹೆಸರಿನಲ್ಲೂ ಇರಲಿ, ಮೇಳಗಳಿಗೂ ಯೋಜನೆಗಳಿಗೂ ಅದನ್ನೇ ಕೇಳುತ್ತಾರೆ. ಕಸೂತಿಗೆ ಜಿಐ (ಭೌಗೋಳಿಕ ಸೂಚಕ) ಮಾನ್ಯತೆ ಇರುವುದರಿಂದ 'ಅಧಿಕೃತ ಬಳಕೆದಾರ'ರಾಗಿಯೂ ಅರ್ಜಿ ಹಾಕಿ. 2020ರಲ್ಲಿ ಅದರ ಶುಲ್ಕವನ್ನು 10 ರೂಪಾಯಿಗೆ ಇಳಿಸಿದ್ದಾರೆ. ಯಂತ್ರದ ಕಸೂತಿಯನ್ನು ಕೈಯದೆಂದು ಮಾರುವವರ ಎದುರು ನಿಮ್ಮ ಕೈಲಿರುವ ಹಿಡಿ ಅದೇ.

ಹೆಸರಿನ ಬಗ್ಗೆ ಒಂದು ಎಚ್ಚರಿಕೆ. ಕಮಲಾದೇವಿಯವರ ಹೆಸರಿಡಬಹುದು. ಆದರೆ ಅದರ ಜೊತೆ 'ರಾಷ್ಟ್ರೀಯ', 'ಅಖಿಲ ಭಾರತ', 'ಮಂಡಳಿ' ಮುಂತಾದವು ಸೇರಿದರೆ ಸರ್ಕಾರದ್ದೆಂಬ ಭ್ರಮೆ ಹುಟ್ಟಿಸುತ್ತದೆಂದು ನೋಂದಣಿಯವರು ವಾಪಸು ಕಳಿಸುವ ಸಾಧ್ಯತೆ ಹೆಚ್ಚು. ಕಂಪನಿಗೆ ನಿಮ್ಮ ಊರಿನ ಹೆಸರು, ಕಲಿಕೆಯ ಸೊಸೈಟಿಗೆ ಅವರ ಹೆಸರು ಎಂದಾದರೆ ಹೆಚ್ಚು ಒಪ್ಪುತ್ತದೆ. ಸೀರೆ ಕೊಳ್ಳುವವರು ಹುಡುಕುವುದು ಊರನ್ನು.

ಕಿರುಹೊತ್ತಿಗೆಯ ಪುಟಗಳನ್ನು ಹೀಗೆ ಹಂಚಿದರೆ ಸರಿಹೋಗಬಹುದು: ಬಾಲ್ಯ ಮತ್ತು ಆಸ್ತಿಯ ಕಥೆಗೆ ಎರಡು ಪುಟ, ಸೇವಾದಳದಿಂದ ಉಪ್ಪಿನವರೆಗೆ ಮೂರು, 1948ರಿಂದ ಮುಂದಿನ ಸಂಸ್ಥೆಗಳಿಗೆ ಐದು, ನಾಲ್ಕು ಕಲಮಿನ ಪಟ್ಟಿಗೆ ಎರಡು. ಪದ್ಮಭೂಷಣ 1955, ಮ್ಯಾಗ್ಸೆಸೆ 1966, ಪದ್ಮವಿಭೂಷಣ 1987, ನಿಧನ 1988ರ ಅಕ್ಟೋಬರ್ 29, ಇವು ಅರ್ಧ ಪುಟ ದಾಟುವುದು ಬೇಡ. ಉಳಿದದ್ದರಲ್ಲಿ ನಿಮ್ಮ 14 ಜನರ ಹೆಸರು, ಯಾರು ಯಾವ ಹೊಲಿಗೆಯಲ್ಲಿ ಪಳಗಿದವರು ಎಂಬುದು, ಒಂದೊಂದು ಚಿತ್ತಾರದ ಮುಂದೆ ಹಿಂದೆ ಎರಡೂ ಬದಿಯ ಫೋಟೊ ಇರಲಿ.

ಬೈಲಾ ಕರಡು ಸಿದ್ಧವಾದ ಮೇಲೆ ಅದರ ಎರಡು ನಿಯಮಗಳನ್ನು ಎಲ್ಲರನ್ನೂ ಕೂರಿಸಿಕೊಂಡು ಗಟ್ಟಿಯಾಗಿ ಓದಿ: ಒಬ್ಬ ಸದಸ್ಯೆ ಮದುವೆಯಾಗಿ ಬೇರೆ ಊರಿಗೆ ಹೋದರೆ ಅವಳ ಷೇರು ಏನಾಗುತ್ತದೆ, ಮತ್ತು ಎರಡು ವರ್ಷ ಸೂಜಿ ಮುಟ್ಟದವಳಿಗೆ ಮತದ ಹಕ್ಕು ಇರುತ್ತದೆಯೇ. ನಿಮ್ಮ ಹಿರಿಯರು ಆ ಸಭೆಯಲ್ಲಿ ಇರಲೇಬೇಕು, ಆಕ್ಷೇಪಣೆ ಎತ್ತುವವರು ಅವರೇ. ಅವರ ಮಾತನ್ನು ನಡಾವಳಿ ಪುಸ್ತಕದಲ್ಲಿ ಬರೆದುಕೊಂಡು ಸಹಿ ಹಾಕಿಸಿ.